ತರಗತಿಯಲ್ಲಿ ಚಲನಚಿತ್ರ: ಪ್ರತಿಯನ್ನು ಎಲ್ಲಿಂದ ತರಬೇಕು?

ನಮ್ಮ ಪಾಠ ಯೋಜನೆಯ ನಮೂನೆಯಲ್ಲಿ ‘ಬೋಧನೋಪಕರಣಗಳು’ ಎಂಬ ಒಂದು ಕಾಲಂ ಇದೆ. ಚಾರ್ಟು, ಮಾದರಿ, ನೈಜ ವಸ್ತು ಇವುಗಳ ಜೊತೆಗೆ ಈಗ ಬಹುತೇಕ ಎಲ್ಲರ ಯೋಜನೆಯಲ್ಲೂ ‘ವಿಡಿಯೊ ತುಣುಕು’ ಎಂಬ ಎರಡು ಪದ ಸೇರಿಕೊಂಡಿವೆ. ಚಾರ್ಟು ಸ್ವತಃ ಬರೆದದ್ದೋ ಅಂಗಡಿಯಿಂದ ತಂದದ್ದೋ ಎಂದು ಅವಲೋಕನಕ್ಕೆ ಬಂದವರು ಕೇಳುತ್ತಾರೆ. ವಿಡಿಯೊ ಎಲ್ಲಿಂದ ಬಂತು ಎಂದು ಯಾರಾದರೂ ಕೇಳಿದ್ದನ್ನು ನನ್ನ ಎರಡು ವರ್ಷದ ಬಿ.ಇಡಿ. ಅವಧಿಯಲ್ಲಿ ನಾನು ಕಂಡಿಲ್ಲ. ಕೇಳದೆ ಬಿಟ್ಟಿದ್ದರಿಂದ ನಮ್ಮ ಪೆನ್‌ಡ್ರೈವ್‌ಗಳಲ್ಲಿ ಏನೇನು ಓಡಾಡುತ್ತಿದೆ ಎಂಬುದು ಪ್ರಶಿಕ್ಷಣಾರ್ಥಿಗಳಾದ ನಮಗೆಲ್ಲ ಗೊತ್ತು.

ಮೂರನೆಯ ಸೆಮಿಸ್ಟರಿನಲ್ಲಿ ನಾನು ಹಾಸನ ಜಿಲ್ಲೆಯ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಶಾಲಾ ಅನುಭವಕ್ಕೆ ಇದ್ದೆ. 9ನೆಯ ತರಗತಿಗೆ ಗುರುತ್ವದ ಘಟಕ ನನ್ನ ಪಾಲಿಗೆ ಬಂದಿತ್ತು. ಜೊತೆಗೆ ಶನಿವಾರದ ಸಹಪಠ್ಯ ಅವಧಿಯಲ್ಲಿ ತಿಂಗಳಿಗೊಂದು ಸಿನಿಮಾ ತೋರಿಸುವ ಜವಾಬ್ದಾರಿಯನ್ನೂ ಮುಖ್ಯ ಶಿಕ್ಷಕರು ನನಗೇ ವಹಿಸಿದರು. ನನ್ನ ಸಹಪ್ರಶಿಕ್ಷಣಾರ್ಥಿಯೊಬ್ಬರು ತಕ್ಷಣ ಟೆಲಿಗ್ರಾಮಿನಿಂದ ಇಳಿಸಿಕೊಂಡಿದ್ದ ‘ಇಂಟರ್‌ಸ್ಟೆಲ್ಲಾರ್’ ಚಿತ್ರದ ಕಡತ ಕೊಟ್ಟರು. ಅದರಲ್ಲಿ ಒಂದು ಗಂಟೆ ಏಳು ವರ್ಷವಾಗುವ ನೀರಿನ ಗ್ರಹದ ಭಾಗವನ್ನು ತೋರಿಸಿದರೆ ಮಕ್ಕಳು ಬಾಯಿ ಬಿಟ್ಟುಕೊಂಡು ಕೂರುತ್ತಾರೆ ಎಂದರು. ಕಡತವನ್ನು ತೆರೆದು ನೋಡಿದೆ. ಹಿಂದಿ ಡಬ್ಬಿಂಗ್. ಪರದೆಯ ಮೇಲ್ಭಾಗದಲ್ಲಿ ಹತ್ತು ಹತ್ತು ನಿಮಿಷಕ್ಕೊಮ್ಮೆ ಒಂದು ಬೆಟ್ಟಿಂಗ್ ಆ್ಯಪಿನ ಜಾಹೀರಾತಿನ ಪಟ್ಟಿ ಓಡುತ್ತಿತ್ತು. ಹಕ್ಕುಸ್ವಾಮ್ಯದ ಮಾತು ಆಮೇಲಿರಲಿ, ಹದಿನಾಲ್ಕು ವರ್ಷದ ಮಕ್ಕಳ ಮುಂದೆ ಜೂಜಿನ ಜಾಹೀರಾತನ್ನು ಸರ್ಕಾರಿ ಶಾಲೆಯ ಟಿ.ವಿ.ಯಲ್ಲಿ ಓಡಿಸಲು ಯಾವ ಶಿಕ್ಷಕರಿಗೂ ಮನಸ್ಸಾಗಲಿಕ್ಕಿಲ್ಲ. ಇಂಥ ಕಡತಗಳನ್ನು ಪುಕ್ಕಟೆ ಹಂಚುವವರಿಗೆ ಹಣ ಬರುವುದು ಆ ಪಟ್ಟಿಯಿಂದಲೇ. ಇನ್ನು ಕೆಲವರು ‘ಎಲ್ಲ ಸಿನಿಮಾ ಉಚಿತ’ ಎಂದು ಎಪಿಕೆ ಕಡತ ಕಳಿಸುತ್ತಾರೆ. ಅದನ್ನು ಹಾಕಿಕೊಂಡರೆ ಮೊದಲು ಕೇಳುವುದೇ ಎಸ್‌ಎಂಎಸ್ ಓದುವ ಅನುಮತಿ. ಬ್ಯಾಂಕಿನ ಒಟಿಪಿ ಬರುವುದು ಅಲ್ಲಿಗೇ. ಮಕ್ಕಳು ಬಳಸುವುದು ಅಪ್ಪನ ಫೋನನ್ನು ಎಂಬುದು ನೆನಪಿರಲಿ.

ಕಾನೂನು ಏನು ಹೇಳುತ್ತದೆ ಎಂಬ ವಿಷಯದಲ್ಲಿ ನಮ್ಮ ಸ್ಟಾಫ್ ರೂಮುಗಳಲ್ಲಿ ಎರಡು ನಂಬಿಕೆಗಳಿವೆ. ‘ಪಾಠಕ್ಕೆ ತಾನೇ, ಏನು ಬೇಕಾದರೂ ತೋರಿಸಬಹುದು’ ಎನ್ನುವುದು ಒಂದು. ‘ಸಿನಿಮಾ ತೋರಿಸಿದರೆ ಕೇಸಾಗುತ್ತದೆ, ಸುಮ್ಮನೆ ಯಾಕೆ’ ಎನ್ನುವುದು ಇನ್ನೊಂದು. ಎರಡೂ ತಪ್ಪು. ನಮ್ಮ ಹಕ್ಕುಸ್ವಾಮ್ಯ ಕಾಯ್ದೆ 1957ರದ್ದು. ಅದರ ಸೆಕ್ಷನ್ 52ರಲ್ಲಿ ಯಾವುದು ಉಲ್ಲಂಘನೆ ಅಲ್ಲ ಎಂಬುದರ ಉದ್ದನೆಯ ಪಟ್ಟಿ ಇದೆ. ಅದರ ಉಪಖಂಡ (1)(ಜೆ) ನಮಗೆ ಸಂಬಂಧಿಸಿದ್ದು. ಶಿಕ್ಷಣ ಸಂಸ್ಥೆಯ ಚಟುವಟಿಕೆಯ ಅಂಗವಾಗಿ ಚಲನಚಿತ್ರ ತೋರಿಸುವಾಗ ನೋಡುಗರು ಆ ಸಂಸ್ಥೆಯ ಸಿಬ್ಬಂದಿ, ವಿದ್ಯಾರ್ಥಿಗಳು, ಅವರ ತಂದೆತಾಯಿ ಅಥವಾ ಪೋಷಕರು ಮತ್ತು ಸಂಸ್ಥೆಯ ಚಟುವಟಿಕೆಗೆ ಸಂಬಂಧಪಟ್ಟವರು ಇಷ್ಟೇ ಜನರಾಗಿದ್ದರೆ ಅದು ಉಲ್ಲಂಘನೆಯಲ್ಲ ಎನ್ನುತ್ತದೆ ಅದು. ಎಸ್‌ಡಿಎಂಸಿ ಸದಸ್ಯರು ಬಂದು ಕೂತರೆ ತೊಂದರೆಯಿಲ್ಲ. ಆದರೆ ಶಾಲಾ ವಾರ್ಷಿಕೋತ್ಸವದ ರಾತ್ರಿ ಮೈದಾನದಲ್ಲಿ ಪರದೆ ಕಟ್ಟಿ ಇಡೀ ಊರಿಗೆ ತೋರಿಸಿದರೆ ಈ ಉಪಖಂಡ ನಮ್ಮ ರಕ್ಷಣೆಗೆ ಬರುವುದಿಲ್ಲ.

ಇಲ್ಲೊಂದು ಸೂಕ್ಷ್ಮವಿದೆ. ಈ ವಿನಾಯಿತಿ ಇರುವುದು ತೋರಿಸುವುದಕ್ಕೆ. ಕದ್ದ ಪ್ರತಿಯನ್ನು ಇಳಿಸಿಕೊಳ್ಳುವುದಕ್ಕಲ್ಲ. ಎರಡು ಕ್ರಿಯೆಗಳು ಬೇರೆ ಬೇರೆ. ಒಂದಕ್ಕೆ ಇರುವ ಅನುಮತಿ ಇನ್ನೊಂದಕ್ಕೆ ಅನ್ವಯಿಸುವುದಿಲ್ಲ. ಅದೇ ಸೆಕ್ಷನ್ನಿನ (1)(ಐ) ಉಪಖಂಡದಲ್ಲಿ ಬೋಧನೆಯ ಅಂಗವಾಗಿ ಶಿಕ್ಷಕರಾಗಲಿ ವಿದ್ಯಾರ್ಥಿಯಾಗಲಿ ಕೃತಿಯ ಪ್ರತಿ ಮಾಡಿಕೊಳ್ಳಬಹುದು ಎಂದಿದೆ. ದೆಹಲಿ ವಿಶ್ವವಿದ್ಯಾಲಯದ ಜೆರಾಕ್ಸ್ ಅಂಗಡಿಯ ಪ್ರಕರಣದಲ್ಲಿ 2016ರಲ್ಲಿ ದೆಹಲಿ ಹೈಕೋರ್ಟು ಈ ಮಾತನ್ನು ಸಾಕಷ್ಟು ವಿಶಾಲವಾಗಿಯೇ ಅರ್ಥೈಸಿತು. ಆದರೆ ಅದು ಪುಸ್ತಕದ ಪುಟಗಳ ವಿಷಯ. ಅದನ್ನೇ ಹಿಡಿದುಕೊಂಡು ಇಡೀ ಹೊಸ ಸಿನಿಮಾವನ್ನು ಟೆಲಿಗ್ರಾಮಿನಿಂದ ಇಳಿಸುವುದು ಎಳೆದು ತಂದ ವಾದವಾಗುತ್ತದೆ. ಶಿಕ್ಷೆಯ ವಿಷಯವನ್ನೂ ಹೇಳಿಬಿಡುತ್ತೇನೆ. ಗೊತ್ತಿದ್ದೂ ಉಲ್ಲಂಘಿಸಿದರೆ ಸೆಕ್ಷನ್ 63ರಡಿ 6 ತಿಂಗಳಿಂದ 3 ವರ್ಷದವರೆಗೆ ಸೆರೆವಾಸ, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ. ಚಿತ್ರಮಂದಿರದಲ್ಲಿ ಕೂತು ರೆಕಾರ್ಡ್ ಮಾಡಿ ಹಂಚುವವರಿಗೆ ಸಿನಿಮಾಟೋಗ್ರಾಫ್ ಕಾಯ್ದೆಗೆ 2023ರಲ್ಲಿ ಆದ ತಿದ್ದುಪಡಿ ಇನ್ನೂ ಬಿಗಿ: ಕನಿಷ್ಠ 3 ತಿಂಗಳ, ಗರಿಷ್ಠ 3 ವರ್ಷದ ಸೆರೆವಾಸದ ಜೊತೆಗೆ ಕನಿಷ್ಠ 3 ಲಕ್ಷ ರೂಪಾಯಿ ದಂಡ. ಆ ದಂಡ ಚಿತ್ರದ ನಿರ್ಮಾಣ ವೆಚ್ಚದ ಶೇಕಡಾ 5ರವರೆಗೂ ಏರಬಹುದು.

ಇವುಗಳನ್ನು ಓದಿ ಹೆದರಬೇಕೆಂದು ಬರೆದಿಲ್ಲ. ಮಕ್ಕಳಿಗೆ ಶಿಕ್ಷೆಯ ಪಟ್ಟಿ ಓದಿ ಹೇಳಿದರೆ ಅವರು ನಗುತ್ತಾರೆ. ಏಕೆಂದರೆ ಊರಿನಲ್ಲಿ ಯಾರಿಗೂ ಏನೂ ಆಗಿದ್ದನ್ನು ಅವರು ನೋಡಿಲ್ಲ. ಭಯಕ್ಕಿಂತ ನನಗೆ ಉಪಯೋಗಕ್ಕೆ ಬಂದದ್ದು ಬದಲಿ ದಾರಿಗಳ ಪಟ್ಟಿ.

ಮೊದಲು ವಿಜ್ಞಾನ ಪಾಠ. ‘ಇಂಟರ್‌ಸ್ಟೆಲ್ಲಾರ್’ ಬದಲು ನಾನು ತೋರಿಸಿದ್ದು ನಾಸಾದ ಒಂದು ಹಳೆಯ ತುಣುಕು. 1971ರ ಆಗಸ್ಟಿನಲ್ಲಿ ಅಪೊಲೊ 15ರ ಗಗನಯಾತ್ರಿ ಡೇವಿಡ್ ಸ್ಕಾಟ್ ಚಂದ್ರನ ಮೇಲೆ ನಿಂತು ಒಂದು ಕೈಯಲ್ಲಿ ಸುತ್ತಿಗೆ, ಇನ್ನೊಂದು ಕೈಯಲ್ಲಿ ಗಿಡುಗದ ಗರಿ ಹಿಡಿದು ಎರಡನ್ನೂ ಒಟ್ಟಿಗೆ ಬಿಡುತ್ತಾರೆ. ಎರಡೂ ಒಟ್ಟಿಗೆ ನೆಲ ಮುಟ್ಟುತ್ತವೆ. ಒಂದು ನಿಮಿಷದ ಆಸುಪಾಸಿನ ವಿಡಿಯೊ. ಚಿತ್ರ ಮಬ್ಬು, ಬಣ್ಣ ಪೇಲವ. ನಾಸಾದ ಸ್ವಂತ ಚಿತ್ರ, ವಿಡಿಯೊಗಳಿಗೆ ಸಾಮಾನ್ಯವಾಗಿ ಹಕ್ಕುಸ್ವಾಮ್ಯದ ನಿರ್ಬಂಧವಿಲ್ಲ. ಅವರ ಜಾಲತಾಣದಿಂದ ಕಡತವನ್ನೇ ಇಳಿಸಿಕೊಂಡು ಪೆನ್‌ಡ್ರೈವ್‌ನಲ್ಲಿ ಒಯ್ಯಬಹುದು. ನೆಟ್‌ವರ್ಕ್ ಹಿಡಿಯಲು ಕಿಟಕಿಯ ಹತ್ತಿರ ಹೋಗಬೇಕಾದ ಶಾಲೆಗೆ ಇದು ದೊಡ್ಡ ಅನುಕೂಲ. (ಅವರ ಲಾಂಛನವನ್ನು ನಮ್ಮ ಜಾಹೀರಾತಿನಂತೆ ಬಳಸಬಾರದು, ಬೇರೆಯವರ ಸಂಗೀತವೋ ಚಿತ್ರವೋ ಒಳಗೆ ಸೇರಿದ್ದರೆ ನೋಡಿಕೊಳ್ಳಬೇಕು, ಅಷ್ಟೇ.)

ಈ ತುಣುಕಿನಿಂದ ಏನೆಲ್ಲ ಮಾಡಬಹುದು ಎಂಬುದನ್ನು ವಿಜ್ಞಾನ ವಿಧಾನದ ಗೆಳೆಯರಿಗಾಗಿ ಸ್ವಲ್ಪ ವಿವರವಾಗಿ ಹೇಳುತ್ತೇನೆ. ಸುತ್ತಿಗೆ ಬಿದ್ದ ಎತ್ತರ ಸುಮಾರು 1.6 ಮೀಟರ್. ಚಂದ್ರನ ಮೇಲೆ ಗುರುತ್ವ ವೇಗೋತ್ಕರ್ಷ ಸೆಕೆಂಡಿನ ವರ್ಗಕ್ಕೆ ಸುಮಾರು 1.6 ಮೀಟರ್. ಎತ್ತರದ ಎರಡರಷ್ಟನ್ನು ವೇಗೋತ್ಕರ್ಷದಿಂದ ಭಾಗಿಸಿ ವರ್ಗಮೂಲ ತೆಗೆದರೆ 2ರ ವರ್ಗಮೂಲ, ಅಂದರೆ ಸುಮಾರು 1.4 ಸೆಕೆಂಡು ಬರುತ್ತದೆ. ಅದೇ ಎತ್ತರದಿಂದ ಭೂಮಿಯ ಮೇಲೆ ಬಿದ್ದರೆ 0.57 ಸೆಕೆಂಡು. ಮಕ್ಕಳು ಐದು ಗುಂಪಾಗಿ ಫೋನಿನ ಸ್ಟಾಪ್‌ವಾಚ್ ಹಿಡಿದು ವಿಡಿಯೊ ಓಡಿಸಿ ಅಳೆದರು. 1.2ರಿಂದ 1.5ರವರೆಗೆ ಉತ್ತರಗಳು ಬಂದವು. ಆಮೇಲೆ ಒಬ್ಬ ಹುಡುಗ ಮೇಜಿನ ಮೇಲೆ ಹತ್ತಿ ಡಸ್ಟರನ್ನೂ ಕೋಳಿ ಪುಕ್ಕವನ್ನೂ ಬಿಟ್ಟ. ಯಾಕೆ ಹೀಗಾಯಿತು ಎಂಬ ಚರ್ಚೆಗೆ ನಾನು ಬಾಯಿ ಹಾಕಬೇಕಾಗಲೇ ಇಲ್ಲ. ಮಾರ್ಗದರ್ಶಕ ಶಿಕ್ಷಕರ ಅವಲೋಕನ ಪುಸ್ತಕದಲ್ಲಿ ಆ ದಿನದ ಷರಾ ‘ಮಕ್ಕಳೇ ಮಾತಾಡಿದರು’ ಎಂದಿದೆ.

ಇದೇ ಬಗೆಯ ಇನ್ನು ಕೆಲವು ಆಕರಗಳು ನಮ್ಮ ಕೈಗೆಟುಕುವಷ್ಟು ಹತ್ತಿರದಲ್ಲಿವೆ. ಹತ್ತರ ಘಾತಗಳನ್ನು ಕಲಿಸುವವರು ಚಾರ್ಲ್ಸ್ ಮತ್ತು ರೇ ಈಮ್ಸ್ ದಂಪತಿಯ ‘ಪವರ್ಸ್ ಆಫ್ ಟೆನ್’ (1977) ನೋಡಬೇಕು; ಈಮ್ಸ್ ಆಫೀಸೇ ಅದನ್ನು ಯೂಟ್ಯೂಬಿನಲ್ಲಿ ಇಟ್ಟಿದೆ. ಕೆನಡಾದ ನ್ಯಾಷನಲ್ ಫಿಲ್ಮ್ ಬೋರ್ಡಿನ ಜಾಲತಾಣದಲ್ಲಿ ನೂರಾರು ಚಿತ್ರಗಳನ್ನು ಉಚಿತವಾಗಿ ನೋಡಬಹುದು. ನಾರ್ಮನ್ ಮ್ಯಾಕ್‌ಲಾರೆನ್‌ರ ‘ನೇಬರ್ಸ್’ (1952) ಚಿತ್ರದಲ್ಲಿ ಮಾತೇ ಇಲ್ಲ, ಆದ್ದರಿಂದ ಭಾಷೆಯ ತೊಡಕಿಲ್ಲ. ಆದರೆ ಕೊನೆಯ ಭಾಗ ಕ್ರೂರವಾಗಿದೆ, ಮೊದಲು ನೀವು ನೋಡಿ. ನಮ್ಮ ದೇಶದ್ದೇ ಬೇಕೆಂದರೆ 1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಜನ್ ಇದೆ. ಈಗ ಅದು ಎನ್‌ಎಫ್‌ಡಿಸಿಯೊಳಗೆ ವಿಲೀನವಾಗಿದೆ. ಅದು ಮಾಡಿದ ಸಾಕ್ಷ್ಯಚಿತ್ರಗಳಲ್ಲಿ ಬಹಳಷ್ಟು ಅದರ ಯೂಟ್ಯೂಬ್ ಚಾನೆಲ್ಲಿನಲ್ಲಿವೆ. ವಿಜಯಾ ಮುಳೆಯವರ ‘ಏಕ್ ಅನೇಕ್ ಔರ್ ಏಕ್ತಾ’ (1974) ಎಂಬ ಪುಟ್ಟ ಆ್ಯನಿಮೇಷನ್ ನಮ್ಮ ಅಪ್ಪ ಅಮ್ಮಂದಿರ ಕಾಲದ ದೂರದರ್ಶನದ್ದು, ಇಂದಿನ ಮಕ್ಕಳಿಗೂ ಹಿಡಿಸುತ್ತದೆ. ಪ್ರಸಾರ ಭಾರತಿ 2024ರ ನವೆಂಬರಿನಲ್ಲಿ ‘ವೇವ್ಸ್’ ಎಂಬ ಒಟಿಟಿ ಆರಂಭಿಸಿತು. ನೆಟ್ಟೇ ಇಲ್ಲದ ಮನೆಗಳಿಗೆ ಡಿಡಿ ಫ್ರೀ ಡಿಶ್ ಇದೆ. ಅದಕ್ಕೆ ತಿಂಗಳ ಬಾಡಿಗೆ ಇಲ್ಲ, ಚಂದನದಲ್ಲಿ ಹಳೆಯ ಕನ್ನಡ ಚಿತ್ರಗಳು ಬರುತ್ತಿರುತ್ತವೆ. ಇಷ್ಟು ಸರಳವಾದ ದಾರಿಯನ್ನು ನಾವು ಮಕ್ಕಳಿಗೆ ಹೇಳುವುದನ್ನೇ ಮರೆಯುತ್ತೇವೆ.

ಯೂಟ್ಯೂಬ್ ಎಂದ ಕೂಡಲೇ ‘ಅಲ್ಲಿರುವುದೆಲ್ಲ ಸಕ್ರಮ’ ಎಂದು ತಿಳಿಯುವವರಿದ್ದಾರೆ. ಅಕ್ರಮವಾಗಿ ಹಾಕಿದ ಚಿತ್ರಗಳೂ ಅಲ್ಲಿವೆ. ಅವನ್ನು ಗುರುತಿಸುವುದನ್ನೇ ಒಂದು ಅವಧಿಯ ಚಟುವಟಿಕೆ ಮಾಡಿದೆ, ಮತ್ತು ಇಡೀ ಶಾಲಾ ಅನುಭವದಲ್ಲಿ ನನಗೆ ಅತ್ಯಂತ ಇಷ್ಟವಾದ ಅವಧಿ ಅದು. ಒಂದು ಕನ್ನಡ ಚಿತ್ರದ ಎರಡು ಪ್ರತಿಗಳ ನಿಲುಚಿತ್ರಗಳನ್ನು ಪಕ್ಕಪಕ್ಕ ತೋರಿಸಿದೆ: ಒಂದು ಹಕ್ಕುದಾರ ಕಂಪನಿಯ ಚಾನೆಲ್ಲಿನದು, ಇನ್ನೊಂದು ಹೆಸರಿಲ್ಲದ ಚಾನೆಲ್ಲಿನದು. ಏನು ವ್ಯತ್ಯಾಸ ಎಂದು ಕೇಳಿದೆ. ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಆಮೇಲೆ ಹಿಂದಿನ ಬೆಂಚಿನಿಂದ ಒಬ್ಬ, “ಮಿಸ್, ಎರಡನೇದ್ರಲ್ಲಿ ಬಸ್ ಡ್ರೈವರ್ ಎಡಗಡೆ ಕೂತವ್ನೆ!” ಎಂದ. ಇನ್ನೊಬ್ಬಳು ಅಂಗಡಿಯ ಬೋರ್ಡಿನ ಅಕ್ಷರಗಳು ತಿರುಗಿರುವುದನ್ನು ಕಂಡಳು. ಕನ್ನಡಿಯಲ್ಲಿ ಎಡ ಬಲ ಅದಲುಬದಲಾಗುವುದನ್ನು ಅವರು ಹಿಂದೆಯೇ ಕಲಿತಿದ್ದರು. ಆ ಪೂರ್ವಜ್ಞಾನ ಇಲ್ಲಿ ತಾನಾಗಿ ಕೆಲಸಕ್ಕೆ ಬಂತು.

ಯಾಕೆ ಹಾಗೆ ತಿರುಗಿಸುತ್ತಾರೆ? ಯೂಟ್ಯೂಬಿನಲ್ಲಿ ಹಕ್ಕುದಾರರು ಕೊಟ್ಟ ಮೂಲದೊಂದಿಗೆ ಹೊಸದಾಗಿ ಹಾಕಿದ ವಿಡಿಯೊಗಳನ್ನು ತಾನಾಗಿಯೇ ಹೋಲಿಸಿ ನೋಡುವ ಕಂಟೆಂಟ್ ಐಡಿ ಎಂಬ ವ್ಯವಸ್ಥೆ ಇದೆ. ಅದರ ಕಣ್ಣು ತಪ್ಪಿಸಲು ಕದ್ದು ಹಾಕುವವರು ಚಿತ್ರವನ್ನು ಮಗುಚುತ್ತಾರೆ, ಅಂಚು ಕತ್ತರಿಸುತ್ತಾರೆ, ಸುತ್ತ ಬಣ್ಣದ ಚೌಕಟ್ಟು ಹಾಕುತ್ತಾರೆ, ಧ್ವನಿಯ ಸ್ಥಾಯಿಯನ್ನು ಸ್ವಲ್ಪ ಏರಿಸುತ್ತಾರೆ. ಹೀರೊನ ದನಿ ಹುಡುಗನ ದನಿಯಂತೆ ಕೇಳಿಸಿದರೆ, ವಾಚು ಬಲಗೈಗೆ ಬಂದಿದ್ದರೆ ಅನುಮಾನಪಡಬೇಕು. ಇದರ ಜೊತೆಗೆ ಚಾನೆಲ್ ಯಾರದು, ಅದರಲ್ಲಿ ಬೇರೆ ಏನಿದೆ, ಚಿತ್ರ ಥಿಯೇಟರಿನಲ್ಲಿ ಓಡುತ್ತಿರುವಾಗಲೇ ಬಂದಿದೆಯೇ ಎಂದು ನೋಡುವುದನ್ನೂ ಸೇರಿಸಿ ಮಕ್ಕಳೇ ಒಂದು ಪಟ್ಟಿ ಮಾಡಿದರು. ಹುಡುಕಾಟದ ಫಿಲ್ಟರಿನಲ್ಲಿ ‘ಕ್ರಿಯೇಟಿವ್ ಕಾಮನ್ಸ್’ ಎಂಬುದನ್ನು ಆರಿಸಿಕೊಂಡರೆ ಮರುಬಳಕೆಗೆ ಅನುಮತಿ ಇರುವ ವಿಡಿಯೊಗಳು ಮಾತ್ರ ಬರುತ್ತವೆ ಎಂಬುದನ್ನು ನಾನು ಸೇರಿಸಿದೆ. ಆದರೆ ಆ ಗುರುತನ್ನೂ ಕಣ್ಣು ಮುಚ್ಚಿ ನಂಬಬಾರದು. ಬೇರೆಯವರ ಸಿನಿಮಾಕ್ಕೆ ತಾನೇ ಆ ಚೀಟಿ ಅಂಟಿಸಿದವರನ್ನೂ ಕಂಡಿದ್ದೇನೆ.

ಈ ಅವಧಿಯ ಕೊನೆಯಲ್ಲಿ ಬಂದ ಪ್ರಶ್ನೆಯ ಬಗ್ಗೆ ನಮ್ಮ ಉಪನ್ಯಾಸಕರೂ ಸಹಪಾಠಿಗಳೂ ಯೋಚಿಸಬೇಕೆಂದು ನನ್ನ ಕೋರಿಕೆ. ಆ ತರಗತಿಯ ಒಬ್ಬ ಹುಡುಗನ ಸೋದರಮಾವ ಹೋಬಳಿ ಕೇಂದ್ರದಲ್ಲಿ ಮೊಬೈಲ್ ರಿಪೇರಿ ಅಂಗಡಿ ಇಟ್ಟಿದ್ದಾರೆ. ಮೆಮೊರಿ ಕಾರ್ಡಿಗೆ ಹತ್ತು ರೂಪಾಯಿಗೊಂದರಂತೆ ಪಿಕ್ಚರ್ ಹಾಕಿಕೊಡುತ್ತಾರೆ. ಊರಿಗೆಲ್ಲ ಗೊತ್ತಿರುವ ವಿಷಯ. ಅವನು ಎದ್ದು ನಿಂತು ಕೇಳಿದ: “ಹಂಗಾದ್ರೆ ನಮ್ಮ್ ಮಾವ ಕಳ್ಳನಾ ಮಿಸ್?” ತರಗತಿ ನಗಲಿಲ್ಲ. ಎಲ್ಲರೂ ನನ್ನ ಮುಖ ನೋಡಿದರು.

ಇಂಥದ್ದೊಂದು ಪ್ರಶ್ನೆ ಬರಬಹುದೆಂದು ಎಣಿಸಿಯೇ ನಾನು ಪಾಠದುದ್ದಕ್ಕೂ ‘ನಿಮ್ಮಲ್ಲಿ ಯಾರು ಯಾರು ಹಾಗೆ ನೋಡಿದ್ದೀರಿ’ ಎಂದು ಕೈ ಎತ್ತಿಸಿರಲಿಲ್ಲ. ಹಾಗೆ ಎತ್ತಿಸಿದರೆ ಅದು ಪಾಠವಾಗುವುದಿಲ್ಲ, ಪಂಚಾಯ್ತಿಯಾಗುತ್ತದೆ. ಅವನಿಗೆ ಹೇಳಿದ್ದು ಇಷ್ಟು: “ಆ ಕೆಲ್ಸ ಕಾನೂನಿನ ಪ್ರಕಾರ ತಪ್ಪು. ನಿನ್ ಮಾವ ಎಂಥವ್ರು ಅನ್ನೋದನ್ನ ಅದೊಂದೇ ಹೇಳಲ್ಲ. ಅವ್ರಿಗೆ ಆ ಹತ್ತು ರೂಪಾಯಿ ಯಾಕ್ ಬೇಕು, ಸಿನ್ಮಾ ಮಾಡಿದವ್ರಿಗೆ ಯಾಕ್ ಬೇಕು, ಎರಡೂ ಲೆಕ್ಕ ಹಾಕಾಣ ಬಾ.” ಲೆಕ್ಕ ಹಾಕಿದೆವು ಕೂಡ. ಒಂದು ಚಿತ್ರದ ಕೊನೆಯಲ್ಲಿ ಓಡುವ ಹೆಸರುಗಳ ಪಟ್ಟಿಯನ್ನು ನಿಲ್ಲಿಸಿ ನಿಲ್ಲಿಸಿ ಎಣಿಸಿದರು. ನೂರ ನಲವತ್ತು ದಾಟಿದ ಮೇಲೆ ಬಿಟ್ಟರು. ಲೈಟ್ ಹಿಡಿಯುವವರು, ಅಡುಗೆಯವರು, ಜೆನರೇಟರ್ ಗಾಡಿಯವರು. ಅವರಿಗೆಲ್ಲ ಆ ದಿನದ ಕೂಲಿ ಆಗಲೇ ಸಿಕ್ಕಿರುತ್ತದೆ, ನಾವು ಕದ್ದು ನೋಡಿದ್ದರಿಂದ ಅದು ವಾಪಸ್ ಹೋಗುವುದಿಲ್ಲ ಎಂಬುದನ್ನೂ ಮುಚ್ಚಿಡಲಿಲ್ಲ. ಹಾಕಿದ ಹಣ ಹುಟ್ಟದಿದ್ದರೆ ನಿರ್ಮಾಪಕರು ಇನ್ನೊಂದು ಚಿತ್ರ ತೆಗೆಯುತ್ತಾರೆಯೇ, ಇವರಿಗೆ ಮುಂದಿನ ಕೂಲಿ ಇದೆಯೇ ಎಂಬುದು ಪ್ರಶ್ನೆ. ದೊಡ್ಡ ನಟರ ಚಿತ್ರ ಹೇಗೋ ದಡ ಸೇರುತ್ತದೆ. ಹೊಸಬರ ಸಣ್ಣ ಕನ್ನಡ ಚಿತ್ರಕ್ಕೆ ಮೊದಲ ವಾರ ಬಂದ ಹಣವೇ ಹಣ. ‘ಪೈರಸಿ ಕಳ್ಳತನ’ ಎಂದು ಬೋರ್ಡಿನ ಮೇಲೆ ಬರೆದು ಅಡಿಗೆರೆ ಹಾಕಿ ಮುಗಿಸಿಬಿಡುವ ಪಾಠಕ್ಕಿಂತ ಈ ಲೆಕ್ಕ ಹೆಚ್ಚು ದೂರ ಹೋಯಿತು ಎಂಬುದು ನನ್ನ ಅಭಿಪ್ರಾಯ. ಆ ಹುಡುಗ ಮುಂದಿನ ಶನಿವಾರವೂ ಮೊದಲ ಸಾಲಿನಲ್ಲೇ ಕೂತಿದ್ದ.

ಶನಿವಾರದ ಚಿತ್ರಗಳಿಗೆ ನಾನು ಹೆಚ್ಚು ಆಶ್ರಯಿಸಿದ್ದು ಹಕ್ಕಿನ ಅವಧಿ ಮುಗಿದ ಚಿತ್ರಗಳನ್ನು. ಭಾರತದಲ್ಲಿ ಚಲನಚಿತ್ರದ ಹಕ್ಕುಸ್ವಾಮ್ಯ ಅದು ಬಿಡುಗಡೆಯಾದ ವರ್ಷದ ಮುಂದಿನ ಜನವರಿ 1ರಿಂದ 60 ವರ್ಷ. ಅಂದರೆ ಬಿಡುಗಡೆಯ ವರ್ಷಕ್ಕೆ 60 ಕೂಡಿಸಿ, ಆ ವರ್ಷದ ಡಿಸೆಂಬರ್ 31 ಕಳೆಯುವವರೆಗೆ ಕಾಯಬೇಕು. ಬೇಡರ ಕಣ್ಣಪ್ಪ 1954ರದ್ದು, 2014ರ ಕೊನೆಗೆ ಮುಗಿಯಿತು. ಬಿ.ಆರ್. ಪಂತುಲು ನಿರ್ದೇಶಿಸಿ ನಟಿಸಿದ ‘ಸ್ಕೂಲ್ ಮಾಸ್ಟರ್’ 1958ರದ್ದು, 2018ಕ್ಕೆ ಮುಗಿಯಿತು. ಶಿಕ್ಷಕರಾಗಲು ಹೊರಟ ನಾವೆಲ್ಲ ಒಮ್ಮೆಯಾದರೂ ನೋಡಬೇಕಾದ್ದು. ಎನ್. ಲಕ್ಷ್ಮೀನಾರಾಯಣರ ‘ನಾಂದಿ’ 1964ರದ್ದು. ರಾಜ್‌ಕುಮಾರ್ ಅದರಲ್ಲಿ ಶಾಲಾ ಮೇಷ್ಟ್ರು, ಹರಿಣಿಯವರದು ಕಿವಿ ಕೇಳದ, ಮಾತು ಬಾರದ ಹೆಂಡತಿಯ ಪಾತ್ರ. ಸಮನ್ವಯ ಶಿಕ್ಷಣದ ಪತ್ರಿಕೆ ಓದುವಾಗ ನೆನಪಿಸಿಕೊಳ್ಳಬೇಕಾದ ಈ ಚಿತ್ರದ ಅವಧಿ 2024ರ ಡಿಸೆಂಬರಿಗೆ ಮುಗಿದಿದೆ. ಪುಟ್ಟಣ್ಣ ಕಣಗಾಲರ ‘ಬೆಳ್ಳಿಮೋಡ’ (1967) ಬೇಕೆಂದರೆ 2027 ಕಳೆಯಬೇಕು. ಈ ಕೂಡುವ ಲೆಕ್ಕವನ್ನು ಮಕ್ಕಳು ಆಟದಂತೆ ಮಾಡುತ್ತಾರೆ.

ಆದರೆ ಚಿತ್ರದ ಹಕ್ಕು ಮುಗಿದರೆ ಒಳಗಿರುವ ಎಲ್ಲದರ ಹಕ್ಕೂ ಮುಗಿಯಿತು ಎಂದಲ್ಲ. ಹಾಡಿನ ಸಾಹಿತ್ಯ, ಸಂಗೀತ, ಕಥೆ ಇವುಗಳಿಗೆ ಪ್ರತ್ಯೇಕ ಹಕ್ಕಿದೆ. ಅದು ಬರೆದವರು ತೀರಿಕೊಂಡ ನಂತರ 60 ವರ್ಷ ಇರುತ್ತದೆ. ತರಗತಿಯಲ್ಲಿ ಚಿತ್ರ ತೋರಿಸಲು ಇದರಿಂದ ಅಡ್ಡಿಯಿಲ್ಲ. ಹಾಡನ್ನು ಕತ್ತರಿಸಿ ನಮ್ಮ ಕಾಲೇಜಿನ ಚಾನೆಲ್ಲಿಗೆ ಹಾಕುವಾಗ ತೊಂದರೆ ಬರುತ್ತದೆ. ಚಾಪ್ಲಿನ್‌ರ ‘ದಿ ಕಿಡ್’ ಇದಕ್ಕೆ ಒಳ್ಳೆಯ ಉದಾಹರಣೆ. 1921ರ ಮೂಕಿ ಚಿತ್ರ ಹಳೆಯದು. ಆದರೆ ಚಾಪ್ಲಿನ್ 1970ರ ದಶಕದ ಆರಂಭದಲ್ಲಿ ತಾವೇ ಅದಕ್ಕೆ ಸಂಗೀತ ಕೂಡಿಸಿ ಮತ್ತೆ ಬಿಡುಗಡೆ ಮಾಡಿದರು. ಅವರು ತೀರಿಕೊಂಡದ್ದು 1977ರಲ್ಲಿ. ಮಕ್ಕಳಿಗೆ ನಾನು ಸಂಗೀತವಿಲ್ಲದೆ ತೋರಿಸಿದೆ, ಹಿಂದಿನ ಬೆಂಚಿನವರು ಡೆಸ್ಕಿನ ಮೇಲೆ ತಾಳ ಹಾಕಿದರು.

ಹಕ್ಕು ಮುಗಿದದ್ದು ಕೈಗೆ ಸಿಗುತ್ತದೆ ಎಂದೂ ಅಲ್ಲ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ (1934) ಯಾರು ಬೇಕಾದರೂ ತೋರಿಸಬಹುದಾದ ಚಿತ್ರ, ತೋರಿಸಲು ಪ್ರತಿಯೇ ಉಳಿದಿಲ್ಲ. ಇದನ್ನು ಹೇಳಿದಾಗ ಒಬ್ಬಳು “ಯಾರಾದ್ರೂ ಕದ್ದಾದ್ರೂ ಇಟ್ಕೊಂಡಿದ್ರೆ ಚೆನ್ನಾಗಿತ್ತಲ್ವಾ ಮಿಸ್” ಎಂದಳು. ಅವಳ ಮಾತಿನಲ್ಲಿ ಹುರುಳಿಲ್ಲ ಎನ್ನಲಾರೆ. ಅದಕ್ಕೆ ಸಿಕ್ಕ ಉತ್ತರ ಪುಣೆಯಲ್ಲಿ 1964ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ. ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ (1977) ಹಾಳಾಗುವ ಮೊದಲೇ ಜೀರ್ಣೋದ್ಧಾರಗೊಂಡು 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನವಾದದ್ದನ್ನೂ ಅವಳಿಗೆ ಹೇಳಿದೆ. ಸಕ್ರಮವಾಗಿ ಉಳಿಸುವುದು ಸಾಧ್ಯ. ಅದಕ್ಕೆ ಯಾರಾದರೂ ಹೊಣೆ ಹೊರಬೇಕು.

ಚಂದಾ ಕಟ್ಟಿ ನೋಡುವ ಒಟಿಟಿಗಳ ಬಗ್ಗೆ ಸ್ವಲ್ಪ ಎಚ್ಚರ ಬೇಕು. ಪ್ರೈಮ್ ವಿಡಿಯೊ, ಜೀ5, ಸನ್ ನೆಕ್ಸ್ಟ್, ಜಿಯೊಹಾಟ್‌ಸ್ಟಾರ್ ಇವುಗಳಲ್ಲಿ ಕನ್ನಡ ಚಿತ್ರಗಳಿವೆ. ಈ ತಿಂಗಳು ಇದ್ದದ್ದು ಮುಂದಿನ ತಿಂಗಳು ಇರಲಿಕ್ಕಿಲ್ಲ, ಆದ್ದರಿಂದ ಪಾಠ ಯೋಜನೆ ಬರೆದ ದಿನವಲ್ಲ, ಪಾಠದ ಹಿಂದಿನ ದಿನ ನೋಡಿಕೊಳ್ಳಿ. ನಮ್ಮ ಸ್ವಂತ ಖಾತೆಯಿಂದ ಶಾಲೆಯಲ್ಲಿ ತೋರಿಸಬಹುದೇ? ಇಂಥ ಸೇವೆಗಳ ಷರತ್ತುಗಳು ಸಾಮಾನ್ಯವಾಗಿ ವೈಯಕ್ತಿಕ ಅಥವಾ ಮನೆಬಳಕೆಗೆ ಮಾತ್ರ ಎನ್ನುತ್ತವೆ. ಕಾಯ್ದೆಯ ವಿನಾಯಿತಿ ಬೇರೆ, ನಾವು ಒಪ್ಪಿ ಗುಂಡಿ ಒತ್ತಿದ ಕರಾರು ಬೇರೆ. ನೆಟ್‌ಫ್ಲಿಕ್ಸ್ ಮಾತ್ರ ತನ್ನ ಕೆಲವು ಸಾಕ್ಷ್ಯಚಿತ್ರಗಳಿಗೆ ಶೈಕ್ಷಣಿಕ ಪ್ರದರ್ಶನದ ಅನುಮತಿಯನ್ನು ಬರೆದೇ ಕೊಟ್ಟಿದೆ. ಅದರ ‘ಅವರ್ ಪ್ಲಾನೆಟ್’ ಸರಣಿಯನ್ನು 2020ರಲ್ಲಿ ಯೂಟ್ಯೂಬಿನಲ್ಲೂ ಉಚಿತವಾಗಿ ಬಿಟ್ಟಿತ್ತು. ಪರಿಸರ ಘಟಕಕ್ಕೆ ಅದಕ್ಕಿಂತ ಒಳ್ಳೆಯ ದೃಶ್ಯಗಳನ್ನು ನಾನು ನೋಡಿಲ್ಲ. ಯಾವುದನ್ನು ತೋರಿಸುವುದಿದ್ದರೂ ಪ್ರಮಾಣಪತ್ರ ನೋಡಿ. 2023ರ ತಿದ್ದುಪಡಿಯ ನಂತರ ಯುಎ ದರ್ಜೆಯನ್ನು 7+, 13+, 16+ ಎಂದು ಮೂರು ಮಾಡಿದ್ದಾರೆ. 9ನೆಯ ತರಗತಿಗೆ 16+ ಚಿತ್ರ ಹೊಂದುವುದಿಲ್ಲ. ಕದ್ದ ಪ್ರತಿಗಳಲ್ಲಿ ಈ ಪ್ರಮಾಣಪತ್ರದ ಭಾಗವನ್ನೇ ಕತ್ತರಿಸಿರುವುದುಂಟು.

ಕೊನೆಗೆ ಉಳಿಯುವುದು ಎಲ್ಲೂ ಸಿಗದ ಚಿತ್ರಗಳು. ಪ್ರಶಸ್ತಿ ಪಡೆದ ಎಷ್ಟೋ ಕನ್ನಡ ಮಕ್ಕಳ ಚಿತ್ರಗಳು ಯಾವ ಒಟಿಟಿಯಲ್ಲೂ ಇಲ್ಲ, ಡಿವಿಡಿಯೂ ಇಲ್ಲ. ಟೆಲಿಗ್ರಾಮಿನಲ್ಲಿ ಮಾತ್ರ ಇರುತ್ತವೆ. ಇದು ನಮ್ಮ ವ್ಯವಸ್ಥೆಯ ದೋಷ, ಮಕ್ಕಳದ್ದಲ್ಲ. ಕೊಳ್ಳಲು ಸಿಕ್ಕಿದರೆ ತಾನೇ ಕೊಳ್ಳುವುದು? ಇಂಥ ಎರಡು ಚಿತ್ರಗಳಿಗಾಗಿ ನಾನು ಅವುಗಳ ತಯಾರಕರಿಗೆ ಪತ್ರ ಬರೆದೆ. ಮುಖ್ಯ ಶಿಕ್ಷಕರ ಸಹಿ, ಶಾಲೆಯ ಮೊಹರು ಇರುವ ಪತ್ರ. ಅದರಲ್ಲಿ ಇದ್ದ ವಿಷಯ: ಶಾಲೆ ಯಾವುದು, ನೋಡುವ ಮಕ್ಕಳು ಎಷ್ಟು (ನಮ್ಮಲ್ಲಿ 86), ಯಾವ ದಿನ ಎಷ್ಟು ಗಂಟೆಗೆ, ಟಿಕೆಟ್ ಇಲ್ಲ, ಒಂದೇ ಪ್ರದರ್ಶನ, ಪ್ರತಿ ಇಟ್ಟುಕೊಳ್ಳುವುದಿಲ್ಲ, ಮಕ್ಕಳು ಬರೆದ ಅನಿಸಿಕೆಗಳನ್ನು ಕಳಿಸುತ್ತೇವೆ. ಒಬ್ಬರಿಂದ ಉತ್ತರವೇ ಬರಲಿಲ್ಲ. ಇನ್ನೊಬ್ಬರು ಇಳಿಸಿಕೊಳ್ಳುವ ಕೊಂಡಿ ಕಳಿಸಿ, ಹಣ ಏನೂ ಬೇಡ, ಅನಿಸಿಕೆಗಳನ್ನು ಮಾತ್ರ ಮರೆಯದೆ ಕಳಿಸಿ ಎಂದರು. ಚಿತ್ರ ತೋರಿಸಿದ ಸಂಜೆಯೇ ಕಡತ ಅಳಿಸಿ, ಅಳಿಸಿದ್ದೇವೆ ಎಂದು ತಿಳಿಸಿದೆವು. 86 ಮಕ್ಕಳಲ್ಲಿ 71 ಜನ ಅನಿಸಿಕೆ ಬರೆದುಕೊಟ್ಟರು, ಅವನ್ನು ಒಂದೇ ಲಕೋಟೆಯಲ್ಲಿ ಹಾಕಿ ಅಂಚೆಗೆ ಕೊಟ್ಟೆ.

ನಮ್ಮ ಕಾಲೇಜಿನ ಐಸಿಟಿ ಪ್ರಯೋಗಾಲಯದಲ್ಲಿ ಈಗ ಒಂದು ರಿಜಿಸ್ಟರ್ ಇಟ್ಟಿದ್ದೇವೆ: ಚಿತ್ರದ ಹೆಸರು, ಸಿಕ್ಕ ಜಾಗ, ಯಾವ ಆಧಾರದ ಮೇಲೆ ತೋರಿಸಬಹುದು, ಯಾವ ಘಟಕಕ್ಕೆ ಹೊಂದುತ್ತದೆ. ಪತ್ರದ ಮಾದರಿಯೂ ಅದರಲ್ಲೇ ಅಂಟಿಸಿದೆ. ಪತ್ರ ಬರೆಯುವವರು ಪ್ರದರ್ಶನಕ್ಕೆ ಒಂದು ತಿಂಗಳು ಮೊದಲೇ ಬರೆಯಿರಿ. ನನಗೆ ಉತ್ತರ ಬಂದದ್ದು ಹತ್ತೊಂಬತ್ತನೆಯ ದಿನ.